ಕೋಲೇ ಕುದುರೆ

ಮಗು ಕಾಲಸಂದಿಗೆ ಕೋಲು ಸಿಕ್ಕಿಸಿಕೊಂಡು ಮನೆಯೆಲ್ಲ ಓಡ್ತಿದೆ. ನಮಗೆ ಕಾಣೋದು ಕೋಲು. ಮಗುವಿಗೆ ಅದು ಕುದುರೆ.

1933ರಲ್ಲಿ ಲೆನಿನ್‌ಗ್ರಾಡ್‌ನ ಒಂದು ಉಪನ್ಯಾಸದಲ್ಲಿ ಮನೋವಿಜ್ಞಾನಿ ಲೆವ್ ವೈಗೋಟ್‌ಸ್ಕಿ ಇದೇ ಕೋಲಿನ ಬಗ್ಗೆ ಮಾತಾಡಿದ್ರು. ಕಣ್ಣೆದುರಿನ ವಸ್ತುವಿನಿಂದ ಅರ್ಥವನ್ನ ಬಿಡಿಸಿಕೊಳ್ಳೋಕೆ ಮಗು ಕಲಿಯೋದು ಇಂಥ ಆಟದಲ್ಲೇ ಅಂದ್ರು. ಹಾಗಂತ ಸಿಕ್ಕಿದ್ದೆಲ್ಲ ಕುದುರೆ ಆಗಲ್ಲ. ಪೋಸ್ಟ್‌ಕಾರ್ಡ್ ಆಗಲ್ಲ. ಹತ್ತಿ ಸವಾರಿ ಮಾಡೋ ಹಾಗಿರಬೇಕಲ್ಲ!

ಅವರು ಕೊಟ್ಟ ಇನ್ನೊಂದು ಉದಾಹರಣೆ ನನಗೆ ಬಹಳ ಇಷ್ಟ. ಐದು ಮತ್ತು ಏಳು ವರ್ಷದ ಅಕ್ಕ-ತಂಗಿ. ಅವರು ಆಡಿದ್ದೇನು ಗೊತ್ತಾ? ಅಕ್ಕ-ತಂಗಿ ಆಟ! ಒಂದೇ ಥರದ ಬಟ್ಟೆ, ಕೈಕೈ ಹಿಡಿದು ನಡಿಗೆ. ದಿನಾ ಯೋಚಿಸದೆ ಬದುಕೋ ಸಂಬಂಧಕ್ಕೆ ಆಟದಲ್ಲಿ ನಿಯಮ ಹುಟ್ಟಿಕೊಳ್ತು. ಕಲ್ಪನೆಯ ಆಟ ಅಂದ್ರೆ ಮನಬಂದಂತೆ ಕುಣಿಯೋದು ಅಂತ ನಾವು ಅಂದುಕೊಳ್ತೀವಿ. ನಿಜಕ್ಕೂ ಅದು ಭಾರೀ ಶಿಸ್ತಿನ ಕೆಲಸ.

ವೈಗೋಟ್‌ಸ್ಕಿ 1934ರಲ್ಲಿ ತೀರಿಕೊಂಡ್ರು. ಆಮೇಲೆ ಸೋವಿಯತ್ ಸಂಶೋಧಕಿ ಮನುಯ್ಲೆಂಕೊ ಆಟದ ಈ ಶಿಸ್ತನ್ನೇ ಪರೀಕ್ಷೆ ಮಾಡಿದ್ರು. 'ಅಲ್ಲಾಡದೆ ನಿಂತ್ಕೋ' ಅಂದ್ರೆ ಪುಟ್ಟ ಮಕ್ಕಳು ಬೇಗ ಚಡಪಡಿಸ್ತಿದ್ರು. 'ನೀನು ಕಾವಲುಗಾರ' ಅಂದಾಗ ಹೆಚ್ಚು ಹೊತ್ತು ನಿಂತ್ರು. ಜೊತೆಗಾರರು ನೋಡ್ತಿದ್ರಂತೂ ಇನ್ನೂ ಗಟ್ಟಿ!

ಈಗ ಗುಂಡಿ ಒತ್ತಿದ್ರೆ ತಾನೇ ಕೆನೆಯೋ ಕುದುರೆ ಅಂಗಡೀಲಿ ಸಿಗುತ್ತೆ. ಚೆನ್ನಾಗೇ ಇರುತ್ತೆ. ಆದ್ರೆ ಕೆನೆಯೋದೂ ಅದೇ, ಓಡೋದೂ ಅದೇ ಆದ್ರೆ ಮಗುವಿಗೆ ಉಳಿದ ಕೆಲಸ ಏನು?

ಅದಕ್ಕೇ, ನಿಮ್ಮ ಮಗು ಖಾಲಿ ಲೋಟ ಕೊಟ್ಟು 'ಕಾಫಿ' ಅಂದ್ರೆ ಊದಿ ಊದಿ ಕುಡೀರಿ. ಸಕ್ಕರೆ ಜಾಸ್ತಿ ಆಯ್ತು ಅಂತ ತಕರಾರೂ ತೆಗೀರಿ.