ಗಗ್ಗರದ ದನಿ: ತುಳುನಾಡಿನಲ್ಲಿ ಲೋಹಕ್ಕೆ ಶಕ್ತಿ ಬರುವುದೆಲ್ಲಿಂದ?

ಹಾಲಿವುಡ್ ಚಿತ್ರಗಳನ್ನು ನೋಡುವ ಯುವಜನತೆಗೆ ‘ವೈಬ್ರೇನಿಯಂ’ ಅಪರಿಚಿತ ಹೆಸರೇನಲ್ಲ. ಮಾರ್ವೆಲ್ ಕಥೆಗಳ ವಕಾಂಡಾ ಎಂಬ ಕಲ್ಪಿತ ರಾಜ್ಯದ ಸಿರಿಗೆ ಈ ಲೋಹವೇ ಮೂಲ. ಎಂಥ ಹೊಡೆತದ ಕಂಪನವನ್ನೂ ಅದು ಹೀರಿಕೊಳ್ಳುತ್ತದೆ. ಆಂಗ್ಲ ಲೇಖಕ ಟೋಲ್ಕಿನ್ ಸೃಷ್ಟಿಸಿದ ‘ಮಿತ್ರಿಲ್’ ಬೆಳ್ಳಿಯಂತೆ ಹೊಳೆಯುತ್ತದೆ. ಹಗುರವಾಗಿದ್ದರೂ ಉಕ್ಕಿಗಿಂತ ಗಟ್ಟಿ. ಈ ಎರಡೂ ಲೋಕಗಳಲ್ಲಿ ಮಾಯೆ ಲೋಹದ ಒಳಗೇ ಇದೆ. ಅಗೆದು ತೆಗೆದವನಿಗೆ ಅದು ದಕ್ಕುತ್ತದೆ.

ಕರಾವಳಿಯ ಕಲ್ಪನೆಯಲ್ಲೂ ಲೋಹಕ್ಕೆ ದೊಡ್ಡ ಸ್ಥಾನವಿದೆ. ಪರಶುರಾಮನು ಎಸೆದ ಕೊಡಲಿಗೆ ಬೆದರಿ ಕಡಲು ಹಿಂದೆ ಸರಿದು ಈ ನೆಲ ಹುಟ್ಟಿತೆಂಬುದು ಐತಿಹ್ಯ. ಆದರೆ ತುಳುನಾಡಿನ ದೈವಾರಾಧನೆ ಹೇಳುವ ಲೋಹದ ಕಥೆ ಇದಕ್ಕಿಂತ ಭಿನ್ನವಾಗಿದೆ.

ಭಂಡಾರದ ಲೋಹಗಳು

ಜನಾರ್ದನ–ಮಹಾಕಾಳಿ ದೇವಸ್ಥಾನದಿಂದ ಹೆಸರಾದ ಉಡುಪಿಯ ಅಂಬಲಪಾಡಿಯಿಂದ ಕಾಪು, ಕಾರ್ಕಳದವರೆಗೆ ಎಲ್ಲಿ ಹೋದರೂ ದೈವಸ್ಥಾನಗಳು ಕಾಣಸಿಗುತ್ತವೆ. ದೈವದ ಮೊಗ, ಖಡ್ಗ, ಗಂಟೆ, ಆಭರಣಗಳನ್ನು ಒಟ್ಟಾಗಿ ‘ಭಂಡಾರ’ ಎನ್ನಲಾಗುತ್ತದೆ. ನೇಮದ ದಿನ ಅದನ್ನು ಮೆರವಣಿಗೆಯಲ್ಲಿ ತರುವುದು ವಾಡಿಕೆ. ಪಂಜುರ್ಲಿಗೆ ಹಂದಿಯ ಮೊಗ. ಲೋಹದ ಮೊಗಗಳನ್ನು ಎರಕ ಹೊಯ್ಯುವ ಹಳೆಯ ವಿಧಾನ ಸರಳ: ಮೇಣದಲ್ಲಿ ರೂಪ ತಿದ್ದಿ, ಮಣ್ಣು ಮೆತ್ತಿ, ಕಾಯಿಸಿ ಮೇಣವನ್ನು ಹೊರಹಾಕಿ, ಉಳಿದ ಟೊಳ್ಳಿಗೆ ಕರಗಿದ ಲೋಹವನ್ನು ಹೊಯ್ಯುತ್ತಾರೆ.

ಗಂಟೆಯ ಕಂಚಿನಲ್ಲಿ ಸುಮಾರು 78 ಭಾಗ ತಾಮ್ರ, 22 ಭಾಗ ತವರ. ತವರ ಹೆಚ್ಚಿದಷ್ಟೂ ಲೋಹ ಗಡುಸಾಗುತ್ತದೆ, ನಾದ ದೀರ್ಘವಾಗುತ್ತದೆ. ಜತೆಗೆ ಒಡೆಯುವ ಅಪಾಯವೂ ಹೆಚ್ಚುತ್ತದೆ. ಲೋಹಶಾಸ್ತ್ರ ಹೇಳಬಲ್ಲದ್ದು ಇಷ್ಟೇ.

ಒಪ್ಪಿಗೆಯ ಬಳಿಕವೇ ಗಗ್ಗರ

ದೈವನರ್ತಕರು ಕಾಲಿಗೆ ಕಟ್ಟುವ ಗಗ್ಗರ, ಒಳಗೆ ಸಣ್ಣ ಗುಂಡುಗಳನ್ನು ತುಂಬಿದ ಟೊಳ್ಳು ಕಡಗ. ಪೆಟ್ಟಿಗೆಯಲ್ಲಿ ಇರುವಷ್ಟು ಕಾಲ ಅದು ಬರಿಯ ಲೋಹ. ನೇಮದಂದು ನರ್ತಕರಿಗೆ ಎಣ್ಣೆ–ಬೂಳ್ಯ ನೀಡಲಾಗುತ್ತದೆ. ಸ್ನಾನ ಮುಗಿಸಿ ಅವರು ಮುಖಕ್ಕೆ ಬಣ್ಣ ಬರೆದುಕೊಳ್ಳುತ್ತಾರೆ. ದೈವದ ಹುಟ್ಟು, ಪಯಣಗಳನ್ನು ಹೇಳುವ ಪಾಡ್ದನ ನಡೆಯುತ್ತದೆ. ನರ್ತಕರು ದೈವದ, ಊರಿನ ಹಿರಿಯರ ಒಪ್ಪಿಗೆ ಬೇಡಿದ ಬಳಿಕವೇ ಗಗ್ಗರ ಕಾಲೇರುತ್ತದೆ. ಅಲ್ಲಿಂದ ಮುಂದೆ ಅವರ ಮಾತು ವ್ಯಕ್ತಿಯ ಮಾತಲ್ಲ, ದೈವದ ನುಡಿ. ಗುತ್ತಿನ ಯಜಮಾನನೂ ಕೈಮುಗಿದು ನಿಲ್ಲುತ್ತಾನೆ.

ಅಂದರೆ ಇಲ್ಲಿ ಲೋಹದ ಶಕ್ತಿ ಗಣಿಯಿಂದ ಬಂದದ್ದಲ್ಲ; ಊರು ಕೂಡಿ ಕೊಟ್ಟದ್ದು. ಅದೇ ಮೊಗ ಕಳವಾಗಿ ಸಂಗ್ರಾಹಕರ ಕಪಾಟು ಸೇರಿದರೆ ತೂಕ ಉಳಿಯುತ್ತದೆ, ಬೆಲೆ ಏರುತ್ತದೆ, ನುಡಿ ಮಾತ್ರ ನಿಲ್ಲುತ್ತದೆ.

ನಂಬಿಕೆಯ ಪ್ರಶ್ನೆ

ಕಾರ್ಕಳ ತಾಲೂಕಿನ ಬೈಲೂರಿನ ಉಮಿಕ್ಕಳ ಬೆಟ್ಟದಲ್ಲಿ 2023ರ ಜನವರಿಯಲ್ಲಿ ಪರಶುರಾಮನ ಪ್ರತಿಮೆ ಅನಾವರಣಗೊಂಡಿತು. ಅದು ನಿಜಕ್ಕೂ ಕಂಚಿನದೇ ಎಂಬ ವಿವಾದ ಅದೇ ವರ್ಷ ಎದ್ದು, ತನಿಖೆಯವರೆಗೂ ಹೋಯಿತು. ಜನ ಕೇಳಿದ್ದು ಲೋಹದ ಬೆಲೆಯನ್ನಷ್ಟೇ ಅಲ್ಲ. ಕೊಟ್ಟ ಮಾತು ನಿಜವೇ ಎಂಬುದನ್ನು.

ಈ ಮಾತು ದೈವಸ್ಥಾನದ ಅಂಗಳಕ್ಕೂ ಅನ್ವಯಿಸುತ್ತದೆ. ಗಗ್ಗರ ಕಟ್ಟುವವರು ಹೆಚ್ಚಾಗಿ ನಲಿಕೆ, ಪರವ, ಪಂಬದ ಸಮುದಾಯಗಳವರು. ರಾತ್ರಿ ಅವರ ಮುಂದೆ ತಲೆಬಾಗಿದ ಊರು, ಬೆಳಗಾದ ಮೇಲೆ ಅವರನ್ನು ಸರಿಸಮಾನರೆಂದು ಕಂಡದ್ದು ಕಡಿಮೆ. ‘ಕಾಂತಾರ’ ಚಿತ್ರ ನಾಡಿನ ಗಮನ ಸೆಳೆದ 2022ರ ಅಕ್ಟೋಬರ್‌ನಲ್ಲಿ, 60 ವರ್ಷ ದಾಟಿದ ದೈವನರ್ತಕರಿಗೆ ಮಾಸಿಕ 2,000 ರೂ. ಭತ್ಯೆಯನ್ನು ರಾಜ್ಯ ಸರಕಾರ ಘೋಷಿಸಿತು. ಅದು ಸ್ವಾಗತಾರ್ಹ ಹೆಜ್ಜೆಯೇ. ಆದರೆ ಗಗ್ಗರಕ್ಕೆ ದನಿ ಕೊಟ್ಟ ಊರು, ಅದನ್ನು ಬಿಚ್ಚಿಟ್ಟ ಕಾಲುಗಳಿಗೂ ಅಷ್ಟೇ ಗೌರವ ಕೊಡುವುದು ಭತ್ಯೆಯಿಂದ ಆಗುವ ಕೆಲಸವಲ್ಲ.