ಹಳೆಯ ಹಾಡಿಗೆ ಹೊಸ ತಾಳ

ಗಿಟಾರಿನ ಮೃದು ಮಿಡಿತ, ಪಕ್ಕದಲ್ಲೇ ಕುಳಿತು ಮೆಲ್ಲಗೆ ಹಾಡಿದಂತಹ ದನಿ. ಇದು ಬ್ರೆಜಿಲ್ ದೇಶದ 'ಬೊಸ್ಸಾ ನೋವಾ' ಸಂಗೀತ. 1950ರ ದಶಕದ ಕೊನೆಯಲ್ಲಿ ಇದಕ್ಕೆ ರೂಪ ಕೊಟ್ಟವರಲ್ಲಿ ಜೊವಾವೊ ಜಿಲ್ಬರ್ಟೊ ಪ್ರಮುಖರು. ಅವರ ಮಗಳು ಬೆಬೆಲ್, ತಂದೆಯ ಸಂಗೀತಕ್ಕೆ ಎಲೆಕ್ಟ್ರಾನಿಕ್ ನಾದವನ್ನು ಬೆರೆಸಿದರು. ಅವರಿಗೆ ಜೊತೆಯಾದವರು ಸರ್ಬಿಯದಿಂದ ಬಂದು ಸಾವೊ ಪಾಲೊ ನಗರದಲ್ಲಿ ನೆಲೆಸಿದ್ದ ಸೂಬಾ.

1999ರ ನವೆಂಬರ್ 2ರಂದು ಸೂಬಾ ಅವರ ಸ್ಟುಡಿಯೊಗೆ ಬೆಂಕಿ ಬಿತ್ತು. ಧ್ವನಿಮುದ್ರಣಗಳನ್ನು ಉಳಿಸಲು ಹೋಗಿ ಅವರು ಪ್ರಾಣ ಕಳೆದುಕೊಂಡರು. ಮರುವರ್ಷ ಹೊರಬಂದ 'ಟಾಂಟೊ ಟೆಂಪೊ' ಆಲ್ಬಮ್ ದೇಶವಿದೇಶಗಳಲ್ಲಿ ಮನೆಮಾತಾಯಿತು. ಅದರಲ್ಲಿ ಯಂತ್ರದ ತಾಳ ಹಿಂದೆ, ಮನುಷ್ಯರ ದನಿ ಮುಂದೆ.

ನಮ್ಮ ಗಾಯನವೃಂದಗಳಿಗೂ ಕೀಬೋರ್ಡ್ ಬಂದಿದೆ. ಗುಂಡಿ ಒತ್ತಿದರೆ ತಾಳ ಸಿಗುತ್ತದೆ. ಹಿರಿಯರು ಕಲಿಸಿದ ಹಾಡು ಅದರಲ್ಲಿ ಮುಳುಗದಂತೆ ನೋಡಿಕೊಳ್ಳಬೇಕಾದವರು ನಾವೇ.