ಕನಸಿಗೆ ಮೊದಲೇ ಗೊತ್ತಿತ್ತಾ?

ಎಲ್ಲೇ ದೊಡ್ಡ ದುರಂತ ಆಗಲಿ, ಎರಡು ದಿನ ಕಳೆಯುವಷ್ಟರಲ್ಲಿ ಯಾರಾದರೊಬ್ಬರು ಬಂದೇ ಬರ್ತಾರೆ. 'ನಂಗೆ ಮೊದಲೇ ಕನಸು ಬಿದ್ದಿತ್ತು' ಅಂತಾರೆ. ಟಿವಿಯವರಾದ ನಾವೂ ಕಡಿಮೆಯೇನಿಲ್ಲ, ಕೂರಿಸಿ ಅರ್ಧ ಗಂಟೆ ಮಾತಾಡಿಸುತ್ತೇವೆ. ಹೀಗೆ ಹೇಳುವವರೆಲ್ಲ ಸುಳ್ಳುಗಾರರಾ? ಖಂಡಿತ ಅಲ್ಲ. ಬಹಳಷ್ಟು ಜನ ಪ್ರಾಮಾಣಿಕರು. ತೊಡಕು ಇರೋದೇ ಅಲ್ಲಿ.

ಇದನ್ನೇ ಒಂದು ವಿಜ್ಞಾನ ಮಾಡಲು ಹೊರಟವನು ಜೆ. ಡಬ್ಲ್ಯೂ. ಡನ್. ಬ್ರಿಟಿಷ್ ಸೈನಿಕ, ಆಮೇಲೆ ವಿಮಾನದ ಎಂಜಿನಿಯರ್. ಬಾಲವಿಲ್ಲದ ವಿಮಾನ ಕಟ್ಟಿದ ಆಸಾಮಿ. ಲೆಕ್ಕಾಚಾರದ ಮನುಷ್ಯ, ಜೋತಿಷ್ಯದವನಲ್ಲ.

1902ರಲ್ಲಿ ದಕ್ಷಿಣ ಆಫ್ರಿಕಾದ ಸೈನಿಕ ಶಿಬಿರದಲ್ಲಿದ್ದಾಗ ಅವನಿಗೊಂದು ಕನಸು. ಒಂದು ದ್ವೀಪ. ನೆಲದ ಬಿರುಕುಗಳಿಂದ ಹಬೆ ಏಳುತ್ತಿದೆ. ದ್ವೀಪ ಇನ್ನೇನು ಸಿಡಿಯಬೇಕು. 4,000 ಜನ ಸಾಯ್ತಾರೆ, ಹಡಗು ಕಳಿಸಿ ಅಂತ ಇವನು ಫ್ರೆಂಚ್ ಅಧಿಕಾರಿಗಳ ಮುಂದೆ ಗೋಗರೆಯುತ್ತಿದ್ದಾನೆ. ಯಾರೂ ಕೇಳ್ತಿಲ್ಲ. ಆಮೇಲೆ ಟಪಾಲಿನಲ್ಲಿ ಲಂಡನ್ನಿನ ಪತ್ರಿಕೆ ಬಂತು. ಫ್ರೆಂಚರ ಮಾರ್ಟಿನಿಕ್ ದ್ವೀಪದಲ್ಲಿ ಪೆಲೀ ಜ್ವಾಲಾಮುಖಿ ಸಿಡಿದು ಸೇಂಟ್ ಪಿಯೆರ್ ಪಟ್ಟಣವೇ ನಾಶವಾಗಿತ್ತು.

ಎದೆ ಝಲ್ ಅನ್ನುತ್ತೆ ಅಲ್ವಾ? ಸ್ವಲ್ಪ ತಾಳಿ. ಆ ಪತ್ರಿಕೆಯ ತಲೆಬರಹದಲ್ಲಿದ್ದದ್ದು 40,000. ಡನ್ ಅವಸರದಲ್ಲಿ ಒಂದು ಸೊನ್ನೆ ಬಿಟ್ಟು 4,000 ಅಂತ ಓದಿಕೊಂಡಿದ್ದ. ಅದನ್ನೇ ವರ್ಷಾನುಗಟ್ಟಲೆ ಎಲ್ಲರಿಗೂ ಹೇಳಿದ. ಹದಿನೈದು ವರ್ಷ ಆದಮೇಲೆ ಆ ವರದಿಯನ್ನು ನಕಲು ಮಾಡುವಾಗ ತಪ್ಪು ಕಣ್ಣಿಗೆ ಬಿತ್ತು. ಇನ್ನು ನಿಜವಾಗಿ ಸತ್ತವರು? ಸುಮಾರು 28,000 ಮಂದಿ. ಅಂದರೆ ಅವನ ಕನಸಿನ ಅಂಕಿ ಬೆಟ್ಟಕ್ಕೂ ತಾಳೆಯಾಗಲಿಲ್ಲ, ಪತ್ರಿಕೆಗೂ ಆಗಲಿಲ್ಲ. ತಾಳೆಯಾದದ್ದು ಅವನು ತಪ್ಪಾಗಿ ಓದಿದ್ದಕ್ಕೆ!

ಮೆಚ್ಚಬೇಕಾದ್ದು ಅಂದರೆ, ಇದನ್ನು ಅವನು ಮುಚ್ಚಿಡಲಿಲ್ಲ. ಸುದ್ದಿ ಓದಿದ ಮೇಲೆಯೇ ಮನಸ್ಸು 'ನಾನು ಇದನ್ನು ಕಂಡಿದ್ದೆ' ಅಂತ ಕಟ್ಟಿಕೊಂಡಿತಾ ಎಂಬ ಅನುಮಾನವೂ ಅವನಿಗೆ ಬಂದಿತ್ತು. ಅದಕ್ಕೇ ಒಂದು ವಿಧಾನ ಮಾಡಿದ. ದಿಂಬಿನ ಕೆಳಗೆ ಪುಸ್ತಕ, ಪೆನ್ಸಿಲ್. ಎಚ್ಚರವಾದ ಕೂಡಲೇ, ಹಾಸಿಗೆಯಿಂದ ಏಳುವ ಮೊದಲೇ ಕನಸು ಬರೆಯಬೇಕು. ಮುಂದೆ ನಡೆಯುವುದರ ಜೊತೆ ಹೋಲಿಸಬೇಕು. 1927ರಲ್ಲಿ ಅವನ ಪುಸ್ತಕ ಬಂದಾಗ ಎಷ್ಟೋ ಜನ ಇದನ್ನು ಮಾಡಿ ನೋಡಿದರು. ಕಾದಂಬರಿಕಾರ ನಬೊಕೋವ್ ಕೂಡ 1964ರಲ್ಲಿ ಸ್ವಿಟ್ಜರ್ಲೆಂಡಿನಲ್ಲಿ ಕೂತು ವಾರಗಟ್ಟಲೆ ಕಾರ್ಡುಗಳ ಮೇಲೆ ಕನಸು ಬರೆದಿಟ್ಟ.

ಡನ್ನನ ಸಿದ್ಧಾಂತ ನಮ್ಮ ಎಡಿಟಿಂಗ್ ರೂಮಿನವರಿಗೆ ಬೇಗ ಅರ್ಥವಾಗುತ್ತೆ. ಎಚ್ಚರ ಅಂದರೆ ಲೈವ್, ಈ ಕ್ಷಣ ಮಾತ್ರ ಕಾಣೋದು. ಕನಸು ಅಂದರೆ ಎಡಿಟರ್ ಮುಂದಿರುವ ಇಡೀ ಟೇಪು, ಹಿಂದೆಯೂ ಹೋಗಬಹುದು, ಮುಂದೆಯೂ ಹೋಗಬಹುದು. ಆದರೆ ಟೇಪಿನ ಮೇಲೆ ಓಡಾಡೋಕೂ ಸಮಯ ಬೇಕಲ್ಲ? ಹಾಗಾಗಿ ಎರಡನೇ ಕಾಲ. ಅದನ್ನು ಅಳೆಯೋಕೆ ಮೂರನೇದು. ಕೊನೆಯೇ ಇಲ್ಲ. ಭೌತವಿಜ್ಞಾನ ಇದನ್ನು ಒಪ್ಪಲಿಲ್ಲ. ನಾಟಕಕಾರರು ಒಪ್ಪಿದರು, ಜೆ. ಬಿ. ಪ್ರೀಸ್ಟ್ಲಿಯ ಕಾಲದ ನಾಟಕಗಳು ಹುಟ್ಟಿದ್ದು ಹೀಗೆ.

ಇದು ಬರೀ ಕುತೂಹಲದ ಕಥೆಯಾಗಿದ್ದರೆ ನಾನು ಇಷ್ಟು ಹೇಳುತ್ತಿರಲಿಲ್ಲ. 1966ರ ಅಕ್ಟೋಬರ್ 21, ಬೆಳಗ್ಗೆ. ಬ್ರಿಟನ್ನಿನ ವೇಲ್ಸ್‌ನ ಅಬರ್‌ಫಾನ್ ಎಂಬ ಗಣಿ ಊರು. ಗುಡ್ಡದ ಮೇಲೆ ಸುರಿದಿದ್ದ ಕಲ್ಲಿದ್ದಲ ತ್ಯಾಜ್ಯದ ರಾಶಿ ಜಾರಿ ಶಾಲೆಯ ಮೇಲೆ ಬಿತ್ತು. 144 ಸಾವು. ಅದರಲ್ಲಿ 116 ಮಕ್ಕಳು. ಜಾನ್ ಬಾರ್ಕರ್ ಅನ್ನೋ ಮನೋವೈದ್ಯ 'ಮುನ್ಸೂಚನೆ ಸಿಕ್ಕವರು ಬರೆಯಿರಿ' ಎಂದು ಪತ್ರಿಕೆಯ ಮೂಲಕ ಕೇಳಿದ. 76 ಪತ್ರ ಬಂದವು. ಅದರ ಮರುವರ್ಷ ಮುನ್ಸೂಚನೆ ದಾಖಲಿಸುವ ಒಂದು ಬ್ಯೂರೋವೇ ಶುರುವಾಯಿತು. ಈ ಸಲ ಘಟನೆಗೆ ಮೊದಲೇ ಬರೆಯಬೇಕು. ನೂರಾರು ಬಂದವು, ನಿಜವಾದದ್ದು ತೀರಾ ಕಡಿಮೆ.

ಅಬರ್‌ಫಾನಿನ ಬಗ್ಗೆ ಓದುವಾಗ ನನ್ನನ್ನು ಕಾಡೋದು ಆ 76 ಪತ್ರಗಳಲ್ಲ. ದುರಂತಕ್ಕೆ ಮೂರು ವರ್ಷ ಮೊದಲು, 1963ರಲ್ಲೇ, ಅಲ್ಲಿನ ಸ್ಥಳೀಯ ಆಡಳಿತದ ಎಂಜಿನಿಯರ್ ಒಬ್ಬರು ಶಾಲೆಯ ಹಿಂದಿನ ಈ ರಾಶಿ ಅಪಾಯಕಾರಿ ಎಂದು ಬರೆದಿದ್ದರು. ನಿದ್ದೆಯಲ್ಲಲ್ಲ ಸ್ವಾಮಿ, ಕಚೇರಿಯಲ್ಲಿ ಕೂತು, ತಾರೀಖು ಹಾಕಿ. 1964ರಲ್ಲಿ ಒಬ್ಬ ಕೌನ್ಸಿಲರ್ ರಾಶಿ ಜಾರಿದರೆ ಶಾಲೆಗೇ ಕುತ್ತು ಎಂದು ಸಭೆಯಲ್ಲಿ ಹೇಳಿದ್ದರು. 1967ರಲ್ಲಿ ತನಿಖಾ ನ್ಯಾಯಮಂಡಳಿಯು ರಾಷ್ಟ್ರೀಯ ಕಲ್ಲಿದ್ದಲು ಮಂಡಳಿಯೇ ಹೊಣೆ ಎಂದು ವರದಿ ಕೊಟ್ಟಿತು. ಮಂಡಳಿಯ ಒಬ್ಬರಿಗೂ ಜೈಲಾಗಲಿಲ್ಲ.